ಮನ್ಯಾಗಿನ ಹೆಸರು

ಇಪ್ಪತ್ತಾರು ವರ್ಷ ಬೆಟಗೇರಿ ಬೀಟ್ ನಂದು.
ಟರ್ನಲ್ ಪೇಟಿಂದ ಹೆಲ್ತ್ ಕ್ಯಾಂಪ್ ತನಕ
ಯಾರ ಮನೀ ಪಾವಟಿಗಿ ಸಡಿಲ ಅದ,
ಯಾರ ನಾಯಿ ಸುಳ್ಳ ಬೊಗಳತದ,
ನನ್ನ ಕಾಲಿಗೆ ಗೊತ್ತು.
ಒಮ್ಮೆ ಒಂದು ಕಾರ್ಡು ಬಂದಿತ್ತು:
‘ಹಸರು ಬಾಗಲಾ, ಮಗ್ಗದ ಸಪ್ಪಳ, ಬೆಟಗೇರಿ.’
ಆವಾಗ ಓಣಿಗೋಣಿನೇ ಮಗ್ಗದ ಸಪ್ಪಳ.
ಮೂರು ದಿನ ಹಸರು ಹುಡುಕಿ ಮುಟ್ಟಿಸಿದೆ.
ಬಾಗಲಾ ಅಷ್ಟೊತ್ತಿಗೆ ನೀಲಿ ಆಗಿತ್ತು.

ಅಂಥಾವನ ಮುಂದ ನಿನ್ನೆ ರಾತ್ರಿ
ಮಗಳು ಪೂರ್ವಿ ಬಂದು ನಿಂತು,
‘ಅಪ್ಪಾ, ನಮ್ಮ ಕಂಪ್ಯೂಟರಿನ ಅಡ್ರೆಸ್ ಹುಡುಕಬೇಕು’ ಅಂದ್ಲು.
‘ಮನೀದ ಅದರದೂ’ ಅಂದೆ.
ನಕ್ಕಳು. ಆ ನಗಿ ನನಗ ಸೇರಲಿಲ್ಲ.

ಟೇಬಲ್ ಕೆಳಗ, ಪ್ರೆಸ್ಸಿನವರು ಮಾರಿದ ಹಳೇ ಡಬ್ಬಿ.
ಕಾದ್ರ ಇನ್ನೂ ಮಸಿ ವಾಸನಿ ಬಿಡತದ.
ಅದರೊಳಗ ಆಕೀ ಕಟ್ಟಿದ ಆಟದ ಊರು ಓಡಾಕತ್ತದಂತ:
ಚೌಕ ಚೌಕ ಗುಡ್ಡ, ಚೌಕ ಆಕಳು,
ಒಂದು ಭಾವಿ, ಹದಿನಾಲ್ಕು ದೀಪದ ಕಂಬ.
ಸಾಲಿ ಕಟ್ಟಿಲ್ಲ.
ಮುಳಗುಂದ ನಾಕಾದ ಇಲಿಯಾಸ ಅಲ್ಲಿಗೆ ಬರಬೇಕು.
ಊರದ, ಹಾದಿ ಇಲ್ಲ.

ಕರೇ ಪಾಟಿಯಂಥಾ ಕಿಡಿಕಿ ತಗದ್ಲು.
ಐಪಿಕಾನ್ಫಿಗ್ ಅಂತ ಹೊಡದ್ಲು.
ಬಿಳೇ ಅಕ್ಷರ ಜೋಳ ಸುರುವಿಧಂಗ ಸುರುವಿದ್ವು.
ಚಷ್ಮಾ ಏರಿಸಿ ಗಾಜಿನ ಮ್ಯಾಲೆ ಬಟ್ಟಿಟ್ಟೆ.
ಟಪಾಲು ಆರಿಸೋ ಬಟ್ಟು ಇದು.
‘ಇದಾ?’ ‘ಅಲ್ಲ.’ ‘ಇದು?’ ‘ಅದು ಮಾಸ್ಕ್, ಅಪ್ಪಾ. ಅದರ ಮ್ಯಾಲಿಂದು.’
ನೂರಾ ತೊಂಬತ್ತೆರಡು, ಚುಕ್ಕಿ, ನೂರಾ ಅರವತ್ತೆಂಟು, ಚುಕ್ಕಿ,
ಒಂದು, ಚುಕ್ಕಿ, ಏಳು.
ಓಣಿ ಹೆಸರಿಲ್ಲ, ಪಿನ್ ಕೋಡ್ ಇಲ್ಲ.

ಫೋನಿನ್ಯಾಗ ಇಲಿಯಾಸ: ‘ಬರವಲ್ದು.’
ಇನ್ನೊಮ್ಮೆ ಓದಿ ಹೇಳಿದೆ, ಚುಕ್ಕಿ ಒಂದೂ ಬಿಡದ.
‘ಬರವಲ್ದು ಅಂಕಲ್.’

ಪೂರ್ವಿ ಹಣಿ ಬಡಕೊಂಡ್ಲು.
ಅದು ಮನ್ಯಾಗಿನ ನಂಬರಂತ. ಹೊಸ್ತಿಲಾ ದಾಟಂಗಿಲ್ಲ.
ಅವರ ಮನ್ಯಾಗೂ ಒಂದು ಏಳು ಇರತದ.
ಇಷ್ಟೊತ್ತು ಪಾಪ ಆ ಹುಡುಗ
ತನ್ನ ಅಕ್ಕನ ಫೋನಿನ ಬಾಗಲಾ ಬಡೀತಿದ್ದ.

ಇಲ್ಲಿ ನನಗ ತಿಳೀತು ನೋಡ್ರಿ.
ಮನ್ಯಾಗ ನಾ ತುಳ್ಜ್ಯಾ.
ಅವ್ವ ಒಲೀ ಮುಂದ ಕೂತು ಒದರಿದ್ರ ಓ ಅಂತಿದ್ದೆ.
ಅದ ಹೆಸರು ಬರದು ಗದಗ ಸ್ಟೇಶನ್ನಿನ್ಯಾಗ ಹಾಕಿದ್ರ
ಎಷ್ಟು ತುಳ್ಜ್ಯಾಗಳು ಹೊಳ್ಳಿ ನೋಡತಿದ್ರೋ.
ಹೊರಗ ಬೇಕಾಗಿದ್ದು
ತುಳಜನಸಾ ನಾಗೇಂದ್ರಸಾ ಖಟವಟೆ.
ಅವ್ವ ಹೋಗಿ ಒಂಬತ್ತು ವರ್ಷ.
ಈಗ ತುಳ್ಜ್ಯಾ ಅನ್ನೋ ವಿಳಾಸಕ್ಕ
ಏನೂ ಬರಂಗಿಲ್ಲ.

ಹೊರಗಿನ ನಂಬರ ಹುಡುಕಿದ್ಲು. ರೌಟರಿಗೆ ಹೇಳಿ
ಒಂದು ಬಾಗಲಾ ತಗಸಿದ್ಲು, ಅದಕ್ಕೂ ಐದಂಕಿ ನಂಬರ.
ಅಂಗೈಯಾಗ ಬಾಲ್ ಪೆನ್ನಿಲೆ ಬರಕೊಂಡೆ.
ಕರೆಂಟು ಹೋತು.

ಕತ್ತಲಾಗ ಇಬ್ಬರೂ ಸುಮ್ಮನ ಕೂತ್ವಿ.
ಆ ಭಾವಿ, ಆ ಆಕಳು, ಹದಿನಾಲ್ಕೂ ದೀಪ
ಈಗ ಎಲ್ಲಿ ಇರಬೇಕು ಅಂತ ನಾ ಕೇಳಲಿಲ್ಲ.

ಬಂತು ಕರೆಂಟು. ನಂಬರ ಬ್ಯಾರೆ.
ಅಂಗೈ ನೋಡಿಕೊಂಡೆ: ಹಳೇ ಮನಿ.
‘ವಿಳಾಸದಾರರು ಮನೆ ಬಿಟ್ಟಿದ್ದಾರೆ’,
ಕೆಂಪು ಮಸೀಲೆ ಎಷ್ಟು ಸಲ ಬರದೀನಿ ಇದನ್ನ!
ಬಿಟ್ಟವರು ಗ್ವಾಡಿ ಸಮೇತ ಹೋಗಿದ್ದು
ಇದ ಮೊದಲು.

ಹೊಸಾದು ಕೂಗಿ ಹೇಳಿದ್ಲು. ಕಾದ್ವಿ.
ಪರದೆ ಮ್ಯಾಲೆ ಒಂದು ಸಾಲು ಮೂಡಿತು, ಇಲಿಯಾಸನ ಹೆಸರು.
ಮಂದಿ ಯಾರೂ ಕಾಣಲಿಲ್ಲ.
ಆಮ್ಯಾಲೆ ಗುಡ್ಡದ ಹಿಂದಿಂದ
ಜಿಗಿದು ಜಿಗಿದು ಓಡಿ ಬಂತು
ಚೌಕ ತಲೀದೊಂದು ಕೂಸು.
ಭಾವಿ ಹತ್ರ ನಿಂತು ಅತ್ತಿತ್ತ ನೋಡಿತು.

ನಾ ಕುರ್ಚಿ ಬಿಟ್ಟು ಎದ್ದಿದ್ದೆ.
ಕೈಯಾಗ ನೀರಿನ ತಂಬಿಗಿ,
ಯಾವಾಗ ತಂದ್ನೋ.

‘ಕೂಡು ಅಪ್ಪಾ’ ಅಂದ್ಲು ಪೂರ್ವಿ,
‘ಅಂವಾ ಇನ್ನೂ ಮುಳಗುಂದ ನಾಕಾದಾಗ ಅದಾನ.’